ಕ್ಯೂಬೇಸ್ 5 ಬಿಡೋಕೆ ಮನಸ್ಸಿಲ್ಲ, ಏನು ಮಾಡಲಿ?

ಪ್ರಶ್ನೆ: ಆಳಂದದಲ್ಲಿ ನನ್ನದೊಂದು ಚಿಕ್ಕ ರೆಕಾರ್ಡಿಂಗ್ ಸ್ಟುಡಿಯೋ ಇದೆ. ತತ್ವಪದ, ಭಜನೆ, ಮೊಹರಂ ಪದ, ಚುನಾವಣೆ ಬಂದರೆ ಪ್ರಚಾರದ ಹಾಡು, ಇಷ್ಟೇ ಕೆಲಸ. 2010ರಿಂದ ಕ್ಯೂಬೇಸ್ 5 ಅನ್ನುವ ರೆಕಾರ್ಡಿಂಗ್ ಪ್ರೋಗ್ರಾಮಿನಲ್ಲೇ ಮಾಡುತ್ತಾ ಬಂದಿದ್ದೇನೆ. ವಿಂಡೋಸ್ 7, 4 ಜಿಬಿ ರ‍್ಯಾಮ್, ಪಿಸಿಐ ಸೌಂಡ್ ಕಾರ್ಡ್. ನನ್ನ ಅಳಿಯ ಬೆಂಗಳೂರಲ್ಲಿ ಸೌಂಡ್ ಎಂಜಿನಿಯರಿಂಗ್ ಕಲಿತು ಬಂದಿದ್ದಾನೆ. "ಮಾಮಾ, ಇದು ಮ್ಯೂಸಿಯಮ್ಮಿನಾಗ ಇಡೋ ಸಾಮಾನು, ತೆಗೀರಿ" ಅಂತಾನೆ. ನನಗೋ ಇದರಲ್ಲಿ ದನಿ ತುಂಬಿಕೊಂಡು ಕೇಳುತ್ತದೆ, ಅವನ ಲ್ಯಾಪ್‌ಟಾಪಿನ ಹೊಸ ವರ್ಷನ್‌ನಲ್ಲಿ ತೆಳ್ಳಗೆ ಕೇಳುತ್ತದೆ. ಹಳೆಯದು ನಿಜವಾಗಿ ಚೆಂದವೋ, ನನ್ನ ಭ್ರಮೆಯೋ? ಇಟ್ಟುಕೊಳ್ಳಲೋ, ಬಿಡಲೋ?

ಉತ್ತರ: ಇಟ್ಟುಕೊಳ್ಳಿ. ಆದರೆ ಅದರೊಳಗೆ ಕೂತಿರುವ ಹಾಡುಗಳನ್ನು ಹೊರಗೆ ತೆಗೆದಿಡಿ. ನೀವು ಎರಡನೆಯದನ್ನು ಕೇಳಿಲ್ಲ, ಆದರೆ ಅರ್ಜೆಂಟ್ ಇರೋದು ಅದೇ. ಅದಕ್ಕೆ ಆಮೇಲೆ ಬರುತ್ತೇನೆ.

ಮೊದಲು ಸೌಂಡ್ ವಿಷಯ ಮುಗಿಸೋಣ, ಯಾಕಂದರೆ ಇದೊಂದರಲ್ಲಿ ನಾನು ನಿಮ್ಮ ಅಳಿಯನ ಕಡೆ. ಕ್ಯೂಬೇಸ್ 5ಕ್ಕೆ ತನ್ನದೇ ಆದ ದನಿ ಅಂತ ಇಲ್ಲ. ಮಿಕ್ಸ್ ಮಾಡುವಾಗ ಪ್ರೋಗ್ರಾಂ ಒಳಗೆ ನಡೆಯೋದು ಕೂಡುವ, ಗುಣಿಸುವ ಲೆಕ್ಕ. 2009ರಲ್ಲಿ ಈ ವರ್ಷನ್ ಬಂದಾಗ ಆ ಲೆಕ್ಕ 32-ಬಿಟ್ ಫ್ಲೋಟ್‌ನಲ್ಲಿ, ಅಂದರೆ ಒಂದೊಂದು ಅಂಕಿಗೆ 32 ಬಿಟ್ ಜಾಗ ಇಟ್ಟುಕೊಂಡು, ನಡೆಯುತ್ತಿತ್ತು. 2017ರಲ್ಲಿ ಬಂದ 9.5ರಲ್ಲಿ 64-ಬಿಟ್ ಫ್ಲೋಟ್ ಕೂಡ ಸೇರಿತು. ಲೆಕ್ಕದಲ್ಲಿ ವ್ಯತ್ಯಾಸ ಇದೆ, ಕಿವಿಗೆ ಸಿಗುವಷ್ಟಿಲ್ಲ.

ನಂಬಿಕೆ ಬರದಿದ್ದರೆ ನೀವೇ ನೋಡಿ. ಒಂದೇ ಹಾಡಿನ ವೇವ್ ಫೈಲ್‌ಗಳನ್ನು ಎರಡೂ ವರ್ಷನ್‌ಗೆ ಹಾಕಿ. ಪ್ಲಗಿನ್ (ರಿವರ್ಬ್, ಕಂಪ್ರೆಸರ್ ಥರದ ಎಫೆಕ್ಟ್) ಒಂದೂ ಬೇಡ, ವಾಲ್ಯೂಮ್ ಫೇಡರ್ ಎಲ್ಲ 0 ಡೆಸಿಬೆಲ್‌ನಲ್ಲಿ, ಎಡ-ಬಲ ಹಂಚುವ ಪ್ಯಾನ್ ಎಲ್ಲ ನಡುವೆ. ಎರಡೂ ಕಡೆ ಪ್ರಾಜೆಕ್ಟ್ ಸೆಟಪ್‌ನಲ್ಲಿ ಪ್ಯಾನ್ ಲಾ (ನಡುವೆ ಇಟ್ಟ ದನಿಯನ್ನು ಎಷ್ಟು ತಗ್ಗಿಸಬೇಕು ಅನ್ನುವ ನಿಯಮ) ಒಂದೇ ಇರಲಿ. ಎರಡರಿಂದಲೂ ಮಿಕ್ಸ್‌ಡೌನ್, ಅಂದರೆ ಎಲ್ಲ ಟ್ರ್ಯಾಕ್ ಕೂಡಿದ ಒಂದು ಫೈಲ್, ತೆಗೆದು ಒಂದೇ ಪ್ರಾಜೆಕ್ಟಿನಲ್ಲಿ ಅಕ್ಕಪಕ್ಕ ಇಡಿ. ಒಂದಕ್ಕೆ ದನಿಯ ಅಲೆಯನ್ನು ತಲೆಕೆಳಗು ಮಾಡುವ ಫೇಸ್ ರಿವರ್ಸ್ ಹಾಕಿ ಎರಡನ್ನೂ ಒಟ್ಟಿಗೆ ಬಾರಿಸಿ. ಒಂದು ಇನ್ನೊಂದನ್ನು ಅಳಿಸಿಹಾಕುತ್ತದೆ, ಏನೂ ಕೇಳಿಸಲ್ಲ. ಬೇರೆ ಬೇರೆ ದನಿ ಇದ್ದಿದ್ದರೆ ಆ ವ್ಯತ್ಯಾಸ ಉಳಿದು ಕೇಳಬೇಕಿತ್ತು, ಅಲ್ವಾ?

ಹಾಗಾದರೆ ನಿಮಗೆ ತುಂಬಿಕೊಂಡು ಕೇಳೋದು ಯಾಕೆ? ಬಹುಮಟ್ಟಿಗೆ ವಾಲ್ಯೂಮ್. ಒಂದು ಡೆಸಿಬೆಲ್ ಜೋರಿದ್ದರೂ ಕಿವಿ ಅದನ್ನು "ಜೋರು" ಅನ್ನಲ್ಲ, "ಚೆಂದ" ಅನ್ನುತ್ತದೆ. ಎರಡನೆಯದು, ಪ್ಯಾನ್ ಲಾ ಬೇರೆಯಿದ್ದರೆ ನಡುವೆ ಕೂತ ಹಾಡುಗಾರನ ದನಿ ಮೇಲೆ ಕೆಳಗೆ ಆಗುತ್ತದೆ. ಮೂರನೆಯದು ನಿಮ್ಮ ಹಳೇ ಪ್ಲಗಿನ್‌ಗಳು. ವರ್ಷಗಟ್ಟಲೆ ಕೈಯಾಡಿಸಿ ಕೂಡಿಸಿಟ್ಟ ರಿವರ್ಬ್ ಮತ್ತು ಕಂಪ್ರೆಸರ್ ಸೆಟ್ಟಿಂಗ್ ಅಳಿಯನ ಲ್ಯಾಪ್‌ಟಾಪಿನಲ್ಲಿ ಇಲ್ಲ. ನಿಮಗೆ ಹಿಡಿಸಿದ ದನಿ ಅಲ್ಲಿಂದ ಬಂದದ್ದು.

ಆದರೆ ಸೌಂಡ್ ಒಂದೇ ಅಂದಮೇಲೆ ಹಳೆಯದಕ್ಕೆ ಜನ ಯಾಕೆ ಅಂಟಿಕೊಳ್ಳುತ್ತಾರೆ? ಇಲ್ಲಿ ನಾನು ನಿಮ್ಮ ಕಡೆ.

ಹಾಡು ರೆಕಾರ್ಡ್ ಮಾಡೋಕೆ ಬೇಕಾದದ್ದು ಬಹುತೇಕ ಎಲ್ಲ 2009ರ ಹೊತ್ತಿಗೇ ಬಂದಾಗಿತ್ತು. ಕ್ಯೂಬೇಸ್ ಶುರುವಾದದ್ದು 1989ರಲ್ಲಿ, ಅಟಾರಿ ಎಸ್‌ಟಿ ಕಂಪ್ಯೂಟರಿನ ಮೇಲೆ. ಆಗ ಅದರಲ್ಲಿ ಮಿಡಿ (ಯಾವ ಸ್ವರ ಯಾವಾಗ ಬಾರಿಸಬೇಕು ಅನ್ನುವ ಸೂಚನೆ) ಮಾತ್ರ, ದನಿ ರೆಕಾರ್ಡ್ ಆಗುತ್ತಿರಲಿಲ್ಲ. 1996ರಲ್ಲಿ ವಿಎಸ್‌ಟಿ ಅನ್ನುವ ಪ್ಲಗಿನ್ ವ್ಯವಸ್ಥೆ ಬಂತು, ಎಫೆಕ್ಟ್‌ಗಳು ಪೆಟ್ಟಿಗೆಯಿಂದ ಕಂಪ್ಯೂಟರಿನ ಒಳಗೆ ಬಂದವು. ಮರುವರ್ಷ ಪ್ರೋಗ್ರಾಂ ಮತ್ತು ಸೌಂಡ್ ಕಾರ್ಡ್ ನಡುವೆ ನೇರ ದಾರಿ ಮಾಡುವ ಎಎಸ್‌ಐಒ ಡ್ರೈವರ್ ಬಂತು, ಹಾಡಿದ ದನಿ ಹೆಡ್‌ಫೋನಿಗೆ ತಡವಾಗಿ ಬರುವ ಕಾಟ ಕಡಿಮೆಯಾಯಿತು. 2002ರಲ್ಲಿ ಎಸ್‌ಎಕ್ಸ್ ಹೆಸರಿನಲ್ಲಿ ಹೊಸದಾಗಿ ಕಟ್ಟಿದರು. 5ನೇ ವರ್ಷನ್‌ಗೆ ಬರುವಾಗ ದನಿಯ ಶ್ರುತಿ ತಿದ್ದುವ ವ್ಯಾರಿಆಡಿಯೋ, ನಿಜವಾದ ಜಾಗದ ಗುಂಗು ಕೊಡುವ ರೆವರೆನ್ಸ್ ರಿವರ್ಬ್, ಡ್ರಮ್ ಜೋಡಿಸುವ ಬೀಟ್ ಡಿಸೈನರ್ ಎಲ್ಲ ಒಳಗೇ ಸಿಕ್ಕವು. ಅದಕ್ಕಿಂತ ಮುಂಚೆ ಇವಕ್ಕೆಲ್ಲ ಬೇರೆ ಬೇರೆ ದುಡ್ಡು ಕೊಡಬೇಕಿತ್ತು.

ಆಮೇಲೆ ಬಂದ ವರ್ಷನ್‌ಗಳು ಕೆಟ್ಟವು ಅಂತ ನಾನು ಹೇಳಲ್ಲ. ಆದರೆ ಏಕತಾರಿ, ದಮ್ಮಡಿ, ತಾಳ, ಹಾರ್ಮೋನಿಯಂ, ನಾಲ್ಕು ದನಿ ಇಟ್ಟುಕೊಂಡು ಕೆಲಸ ಮಾಡುವವರಿಗೆ ಅವು ಕೊಟ್ಟದ್ದು ಕಡಿಮೆ, ಕೇಳಿದ್ದು ಜಾಸ್ತಿ. 2012ರ ಕೊನೆಗೆ ಬಂದ 7ರಲ್ಲಿ ಮಿಕ್ಸರ್ ಪೂರ್ತಿ ಬದಲಾಯಿತು. ಕಣ್ಣು ಮುಚ್ಚಿ ಹುಡುಕುತ್ತಿದ್ದ ಬಟನ್ ಬೇರೆ ಕಡೆ ಹೋಯಿತು. ಎದುರಿಗೆ ಹಾಡುಗಾರ ದಮ್ಮಡಿ ಹಿಡಿದು ಕೂತಿರುವಾಗ ಎಂಜಿನಿಯರ್ ಮೆನು ಹುಡುಕುತ್ತಾ ಕೂತರೆ ಹಾಡಿನ ಕಾವು ಇಳಿಯುತ್ತದೆ. ನಮ್ಮ ಕಡೆ ಸ್ಟುಡಿಯೋಗೆ ಬರುವವರಲ್ಲಿ ಬಹಳ ಮಂದಿ ಹೊಲದ ಕೆಲಸ ಬಿಟ್ಟು, ಬಸ್ ಹಿಡಿದು ಬಂದಿರುತ್ತಾರೆ. ಸಂಜೆ ಬಸ್ಸಿಗೆ ವಾಪಸ್ ಹೋಗಬೇಕು. ಅವರಿಗೆ ಬೇಕಾದದ್ದು ಕೂತ ತಕ್ಷಣ ಕೆಂಪು ಬಟನ್ ಒತ್ತುವವನು.

ಇದು ದುಡ್ಡಿಲ್ಲದವರ ಹಟ ಅಂತ ನಿಮ್ಮ ಅಳಿಯ ಅಂದುಕೊಂಡಿದ್ದರೆ ಒಂದು ಮಾತು ಹೇಳಿ. ಫ್ಯಾಟ್‌ಬಾಯ್ ಸ್ಲಿಮ್ ಅಂತ ಜಗತ್ತಿಗೆ ಗೊತ್ತಿರುವ ಇಂಗ್ಲೆಂಡಿನ ನಾರ್ಮನ್ ಕುಕ್ ದೊಡ್ಡ ಹೆಸರು ಮಾಡಿದ್ದು 1990ರ ದಶಕದ ಕೊನೆಯಲ್ಲಿ. ಆಗ ಅವರ ಮುಂದೆ ಇದ್ದದ್ದು 80ರ ದಶಕದ ಅಟಾರಿ. ಇನ್ನೊಂದು ಉದಾಹರಣೆ ಲಾಜಿಕ್ ಅನ್ನುವ ರೆಕಾರ್ಡಿಂಗ್ ಪ್ರೋಗ್ರಾಂ. 2002ರಲ್ಲಿ ಆಪಲ್ ಅದರ ಕಂಪನಿಯನ್ನು ಕೊಂಡು ವಿಂಡೋಸ್ ವರ್ಷನ್ ನಿಲ್ಲಿಸಿಬಿಟ್ಟಿತು. ವಿಂಡೋಸ್‌ನವರು ಕೊನೆಯ 5.5.1 ಹಿಡಿದುಕೊಂಡೇ ವರ್ಷಗಟ್ಟಲೆ ಕೆಲಸ ಮಾಡಿದರು. ದನಿ ಕತ್ತರಿಸಿ ಜೋಡಿಸುವ ಕೂಲ್ ಎಡಿಟ್ ಪ್ರೊ ಕಥೆಯಂತೂ ನಿಮಗೆ ಗೊತ್ತೇ ಇರಬೇಕು. 2003ರಲ್ಲಿ ಅಡೋಬಿ ಕೊಂಡು ಆಡಿಷನ್ ಅಂತ ಹೆಸರು ಬದಲಿಸಿದರೂ, ಆಟೋ ಮೈಕಿನ ಅನೌನ್ಸ್‌ಮೆಂಟ್ ಕತ್ತರಿಸೋಕೆ ಹಳೇ ಕೂಲ್ ಎಡಿಟ್‌ಗಿಂತ ಬೇಗ ತೆರೆದುಕೊಳ್ಳುವುದು ಇನ್ನೊಂದಿಲ್ಲ ಅನ್ನುವವರು ಇವತ್ತಿಗೂ ಸಿಗುತ್ತಾರೆ.

ಇನ್ನು ನಿಮ್ಮ ಸೌಂಡ್ ಕಾರ್ಡ್. ಹಳೇ ವರ್ಷನ್ ಉಳಿಯೋಕೆ ಅರ್ಧ ಕಾರಣ ಇಂಥ ಕಾರ್ಡ್‌ಗಳೇ. ಮದರ್‌ಬೋರ್ಡಿನ ಪಿಸಿಐ ಸ್ಲಾಟಿನಲ್ಲಿ ನೇರ ಕೂತಿರುವ ಒಳ್ಳೆಯ ಕಾರ್ಡ್ 44.1 ಕಿಲೋಹರ್ಟ್ಸ್‌ನಲ್ಲಿ 256 ಸ್ಯಾಂಪಲ್ ಬಫರ್ (ದನಿ ಒಂದು ಕ್ಷಣ ನಿಂತು ಹೋಗುವ ಜಾಗ) ಇಟ್ಟರೂ ಟಕ್ ಟಕ್ ಅನ್ನದೆ ಓಡುತ್ತದೆ. ಆ ಬಫರ್‌ನ ತಡ ಸುಮಾರು 6 ಮಿಲಿಸೆಕೆಂಡ್, ಹಾಡುವವರಿಗೆ ಗೊತ್ತೂ ಆಗಲ್ಲ. ಈಗ ಹೊಸ ಕ್ಯೂಬೇಸ್ ಬೇಕು ಅಂದರೆ ಹೊಸ ವಿಂಡೋಸ್ ಬೇಕು. ಹೊಸ ವಿಂಡೋಸ್‌ಗೆ ಹೊಸ ಕಂಪ್ಯೂಟರ್. ಹೊಸ ಮದರ್‌ಬೋರ್ಡಿನಲ್ಲಿ ಪಿಸಿಐ ಸ್ಲಾಟ್ ಸಿಗೋದೇ ಅಪರೂಪ, ಹಾಗಾಗಿ ಹೊಸ ಯುಎಸ್‌ಬಿ ಇಂಟರ್‌ಫೇಸ್. 9ನೇ ವರ್ಷನ್‌ನಿಂದ ಕ್ಯೂಬೇಸ್ 64-ಬಿಟ್ ಮಾತ್ರ, ಹಾಗಾಗಿ ನಿಮ್ಮ 32-ಬಿಟ್ ಪ್ಲಗಿನ್ ಒಂದೂ ಅಲ್ಲಿ ನೇರ ತೆರೆಯಲ್ಲ. ಒಂದು ಪ್ರೋಗ್ರಾಂ ಬದಲಿಸೋಕೆ ಹೋಗಿ ಇಡೀ ಟೇಬಲ್ ಖಾಲಿ ಮಾಡಬೇಕಾಗುತ್ತದೆ. ಅಳಿಯ ಹೇಳುವ ಬೆಲೆಯಲ್ಲಿ ಇದೆಲ್ಲ ಸೇರಿರಲ್ಲ.

ಯಾರೂ ಜೋರಾಗಿ ಹೇಳದ ಕಾರಣವೂ ಒಂದಿದೆ. ಎಷ್ಟೋ ಕಡೆ ಹಳೇ ವರ್ಷನ್ ಉಳಿದಿರೋದು ಅದು ಯಾರೋ ಸಿಡಿಯಲ್ಲಿ ಹಾಕಿಕೊಟ್ಟ ಕ್ರ್ಯಾಕ್ ಕಾಪಿ ಅನ್ನೋದಕ್ಕೆ. ನಿಮ್ಮದು ಎಂಥದ್ದು ಅಂತ ನೀವು ಬರೆದಿಲ್ಲ, ನಾನು ಕೇಳಲ್ಲ. ಕ್ರ್ಯಾಕ್ ಆಗಿದ್ದರೆ ಮಾತ್ರ, ಜನರಿಂದ ದುಡ್ಡು ತಗೊಂಡು ಕೆಲಸ ಮಾಡುವ ಕಡೆ ಅದು ಸರಿಯಲ್ಲ. ಅದರ ಜೊತೆ ಏನೇನು ವೈರಸ್ ಬಂದಿದೆಯೋ, ಅದೂ ಗೊತ್ತಾಗಲ್ಲ. ಅಂಥವರಿಗೆ ದಾರಿ ಇದೆ, ಕೆಳಗೆ ಹೇಳುತ್ತೇನೆ.

ತತ್ವಪದ ಮಾಡುತ್ತೀರಿ ಅಂದಿದ್ದಕ್ಕೆ ವ್ಯಾರಿಆಡಿಯೋ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು. ನಿಮ್ಮ ಹಳೇ ವರ್ಷನ್‌ನಲ್ಲಿ ಜನ ಬಹಳ ಮೆಚ್ಚುವುದು ಇದನ್ನೇ, ಬಹಳ ಕೆಡಿಸಿಕೊಳ್ಳುವುದೂ ಇದರಲ್ಲೇ. ಈ ಸಾಧನಕ್ಕೆ ಗೊತ್ತಿರೋದು ಪಿಯಾನೋದ ಹನ್ನೆರಡು ಮನೆ. ಒಂದು ಮನೆಯಿಂದ ಪಕ್ಕದ ಮನೆಗೆ 100 ಸೆಂಟ್. ಹಾರ್ಮೋನಿಯಂ ಇಟ್ಟುಕೊಂಡು ಕಪ್ಪು ಎರಡರಲ್ಲಿ ಹಾಡಿದರೆ ತೊಂದರೆ ಕಡಿಮೆ. ಆದರೆ ಕಡಕೋಳ ಮಡಿವಾಳಪ್ಪನವರ ಪದಗಳನ್ನು ಊರಲ್ಲಿ ಹೇಗೆ ಹಾಡುತ್ತಾರೆ ನಿಮಗೇ ಗೊತ್ತು. ಏಕತಾರಿಯ ತಂತಿಯನ್ನು ಹಾಡುವವರು ತಮ್ಮ ದನಿಗೆ ಹೊಂದುವಂತೆ ಬಿಗಿಯುತ್ತಾರೆ. ಅದು ಕಪ್ಪು ಒಂದೂ ಅಲ್ಲ, ಬಿಳಿ ಎರಡೂ ಅಲ್ಲ, ನಡುವೆ ಎಲ್ಲೋ ನಿಂತಿರುತ್ತದೆ. ವ್ಯಾರಿಆಡಿಯೋ ತೆರೆದರೆ ಅದರ ಕಣ್ಣಿಗೆ ಇಡೀ ಹಾಡೇ 30, 40 ಸೆಂಟ್ ತಪ್ಪು. ಪಿಚ್ ಕ್ವಾಂಟೈಸ್ ಎಳೆದಿರೋ, ದನಿ ಹೋಗಿ ಪಿಯಾನೋ ಮನೆಯಲ್ಲಿ ಕೂರುತ್ತದೆ, ಏಕತಾರಿ ಮಾತ್ರ ಇದ್ದಲ್ಲೇ ಇರುತ್ತದೆ. ಶ್ರುತಿ ಸರಿಯಿದ್ದ ಹಾಡು ಅಪಶ್ರುತಿಯಾಗುತ್ತದೆ. ಮೀಂಡ್‌ನ ಜಾರು ಮೆಟ್ಟಿಲಾಗುತ್ತದೆ.

ಹಾಗಾಗಿ ಕ್ವಾಂಟೈಸ್ ಕಡೆ ಕೈ ಹಾಕಬೇಡಿ. ಒಂದೇ ಒಂದು ಸ್ವರ ಜಾರಿದ್ದರೆ ಅದನ್ನಷ್ಟೇ ಆರಿಸಿ. ಶಿಫ್ಟ್ ಹಿಡಿದು ಬಾಣದ ಕೀಲಿಯಿಂದ ಸೆಂಟ್ ಸೆಂಟಾಗಿ ಸರಿಸಿ. ಎಲ್ಲಿಗೆ ಸರಿಸಬೇಕು ಅಂತ ಸ್ಕ್ರೀನ್ ನೋಡಬೇಡಿ, ಏಕತಾರಿ ಟ್ರ್ಯಾಕ್ ಒಂದನ್ನೇ ಜೊತೆಗಿಟ್ಟು ಕೇಳಿ. ಗುಂಪು ಭಜನೆಯಲ್ಲಿ ಲಯ ಏರುತ್ತಾ ಹೋಗುತ್ತದೆ, ಅದಕ್ಕೆ ಮೆಟ್ರೊನೋಮ್ ಹಾಕುವುದೂ ಬೇಡ. ಹೊಸ ವರ್ಷನ್‌ಗಳಲ್ಲಿ ವ್ಯಾರಿಆಡಿಯೋ ಬಹಳ ಸುಧಾರಿಸಿದೆ, 2018ರ 10ರಲ್ಲಿ ಅಂತೂ ಚೆನ್ನಾಗಿ ಬೆಳೆದಿದೆ. ಆದರೂ ಈ ತೊಂದರೆ ಇದ್ದೇ ಇದೆ, ಯಾಕಂದರೆ ಅದು ವರ್ಷನ್‌ನಲ್ಲಿ ಇಲ್ಲ, ಹನ್ನೆರಡು ಮನೆಯ ಲೆಕ್ಕದಲ್ಲಿ ಇದೆ.

ಹೊಸದಕ್ಕೆ ಅಂತ ಎತ್ತಿಟ್ಟ ದುಡ್ಡಿದ್ದರೆ ಮೊದಲು ಕೋಣೆ ನೋಡಿ. ನಮ್ಮ ಕಡೆ ನೆಲಕ್ಕೆ ಶಹಾಬಾದ್ ಫರಸಿ, ಸುತ್ತ ಬರಿಗೋಡೆ, ಮೇಲೆ ಆರ್‌ಸಿಸಿ. ದನಿ ಬಡಿದು ಬಡಿದು ವಾಪಸ್ ಬರುತ್ತದೆ. ಮೈಕ್ ಒಮ್ಮೆ ಅದನ್ನು ಹಿಡಿದರೆ 5 ಆಗಲಿ 14 ಆಗಲಿ ಯಾವ ಕ್ಯೂಬೇಸೂ ಪೂರ್ತಿ ತೆಗೆಯಲ್ಲ. ನೆಲಕ್ಕೆ ಜಮಖಾನೆ ಹಾಸಿ, ಹಾಡುವವರ ಬೆನ್ನ ಹಿಂದೆ ಮತ್ತು ಎರಡೂ ಪಕ್ಕ ದಪ್ಪನೆಯ ಕೌದಿ ಇಳಿಬಿಡಿ. ಗೋಡೆಗೆ ಅಂಟಿಸದೆ ನಾಲ್ಕು ಬೆರಳು ಬಿಟ್ಟು ಇಳಿಬಿಟ್ಟರೆ ಇನ್ನೂ ಚೆನ್ನಾಗಿ ಹೀರುತ್ತದೆ. ಅಳಿಯನೂ ಇದಕ್ಕೆ ಇಲ್ಲ ಅನ್ನಲ್ಲ.

ಈಗ ಅರ್ಜೆಂಟ್ ವಿಷಯ. ಪ್ರೋಗ್ರಾಂ ಸವೆಯಲ್ಲ, ಅದು ಕೂತಿರುವ ಯಂತ್ರ ಸವೆಯುತ್ತದೆ. ಏಪ್ರಿಲ್, ಮೇ ತಿಂಗಳಲ್ಲಿ ಕಲಬುರಗಿ ಜಿಲ್ಲೆಯಲ್ಲಿ 40 ಡಿಗ್ರಿ ದಾಟುವುದು ಮಾಮೂಲು. ಕ್ಯಾಬಿನೆಟ್ ಒಳಗೆ ಇನ್ನೂ ಜಾಸ್ತಿ. ಮೇಲೆ ಕರಿಮಣ್ಣಿನ ಧೂಳು, ಹೋಗಿ ಬರುವ ಕರೆಂಟು. ಅಷ್ಟು ಹಳೆಯ ಹಾರ್ಡ್‌ಡಿಸ್ಕ್, ಪವರ್ ಸಪ್ಲೈ ಇನ್ನೂ ಓಡುತ್ತಿರೋದೇ ನಿಮ್ಮ ಪುಣ್ಯ. ಲೈಸೆನ್ಸ್ ಇರುವ ಯುಎಸ್‌ಬಿ ಕೀ ನಿಮ್ಮ ಹತ್ತಿರ ಇದ್ದರೆ ಅದನ್ನು ಕಣ್ಣಲ್ಲಿ ಕಣ್ಣಿಟ್ಟು ಕಾಯಿರಿ. ಕ್ಯೂಬೇಸ್ ಮಾಡುವ ಸ್ಟೈನ್‌ಬರ್ಗ್ ಕಂಪನಿ 2022ರಿಂದ ಕೀ ಇಲ್ಲದ ಲೈಸೆನ್ಸ್‌ಗೆ ಹೋಗಿದೆ, ಹಳೇ ಕೀಯ ಆನ್‌ಲೈನ್ ಸೇವೆಯನ್ನು 2025ರಲ್ಲಿ ಮುಚ್ಚಿದೆ. ಚುಚ್ಚಿದ ಕೀ ಕೆಲಸ ಮಾಡುತ್ತದೆ. ಮುರಿದರೆ ಹೊಸದು ಹುಟ್ಟಲ್ಲ. ಕಾಲಿಗೆ, ಪೊರಕೆಗೆ ಸಿಗದ ಹಿಂದಿನ ಪೋರ್ಟಿಗೆ ಇವತ್ತೇ ಬದಲಾಯಿಸಿ.

ಯಂತ್ರ ಹೋದರೆ ಹಾಡು ಎಲ್ಲಿರುತ್ತದೆ? ಬಹಳ ಮಂದಿ ಕ್ಯೂಬೇಸ್ ಉಳಿಸುವ ಸಿಪಿಆರ್ ಪ್ರಾಜೆಕ್ಟ್ ಫೈಲನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಹಾಡು ಉಳಿಯಿತು ಅಂತ ಸುಮ್ಮನಾಗುತ್ತಾರೆ. ಆ ಫೈಲಿನಲ್ಲಿ ದನಿಯೇ ಇಲ್ಲ. ಯಾವ ದನಿ ಎಲ್ಲಿಂದ ಶುರು, ಯಾವ ಪ್ಲಗಿನ್, ಎಷ್ಟು ವಾಲ್ಯೂಮ್ ಅನ್ನುವ ಚೀಟಿ ಅದು, ಅಷ್ಟೇ. ದನಿ ಇರೋದು ಪಕ್ಕದ ಆಡಿಯೋ ಫೋಲ್ಡರಿನಲ್ಲಿ, ತುಂಡು ತುಂಡಾಗಿ. ಹೊಸ ಕ್ಯೂಬೇಸ್ ಆ ಚೀಟಿಯನ್ನು ಓದಬಹುದು, ಆದರೆ ನಿಮ್ಮ ಹಳೇ ಪ್ಲಗಿನ್ ಸಿಗದೆ ಅರ್ಧ ಹಾಡನ್ನು ಬೇರೆ ಥರ ಬಾರಿಸುತ್ತದೆ. ಕ್ಯಾಸೆಟ್ಟಿಗೆ ಈ ಗೋಳು ಇರಲಿಲ್ಲ, ಯಾವ ಟೇಪ್‌ರೆಕಾರ್ಡರಿಗೆ ಹಾಕಿದರೂ ಹಾಡುತ್ತಿತ್ತು. ಕಂಪ್ಯೂಟರಿನಲ್ಲಿ ಅಂಥ ಗುಣ ಇರೋದು ವೇವ್ ಫೈಲಿಗೆ. 1991ರಲ್ಲಿ ಬಂದದ್ದು, ಇವತ್ತಿಗೂ ತೆರೆಯದ ಪ್ರೋಗ್ರಾಂ ಇಲ್ಲ.

ಹೀಗೆ ಮಾಡಿ. ಹಾಡು ತೆರೆದು ಎಡ ಲೊಕೇಟರನ್ನು ಪ್ರಾಜೆಕ್ಟಿನ ಸೊನ್ನೆಗೆ, ಬಲದ್ದನ್ನು ಹಾಡು ಮುಗಿದು ರಿವರ್ಬ್‌ನ ಬಾಲ ಅಡಗುವ ಜಾಗಕ್ಕೆ ಇಡಿ. ಫೈಲ್ ಮೆನುವಿನಲ್ಲಿ ಎಕ್ಸ್‌ಪೋರ್ಟ್, ಅದರಲ್ಲಿ ಆಡಿಯೋ ಮಿಕ್ಸ್‌ಡೌನ್. ಅಲ್ಲಿ ಚಾನೆಲ್ ಬ್ಯಾಚ್ ಎಕ್ಸ್‌ಪೋರ್ಟ್ ಅಂತ ಒಂದು ಟಿಕ್ ಇದೆ. ಇದು ಸಿಕ್ಕಿದ್ದು 5ರಲ್ಲೇ. ಎಸ್‌ಎಕ್ಸ್ ಕಾಲದಲ್ಲಿ ಒಂದೊಂದೇ ಟ್ರ್ಯಾಕ್ ಸೋಲೋ ಮಾಡಿ ತೆಗೆಯುತ್ತಾ ಕೂರಬೇಕಿತ್ತು. ಟಿಕ್ ಹಾಕಿ, ಎಲ್ಲ ಚಾನೆಲ್ ಆರಿಸಿ, 24-ಬಿಟ್ ವೇವ್ ಕೊಡಿ. ಎಲ್ಲವೂ ಸೊನ್ನೆಯಿಂದ ಶುರುವಾಗಿರುವುದರಿಂದ ಮುಂದೆ ಯಾವ ಪ್ರೋಗ್ರಾಮಿಗೆ ಎಳೆದು ಹಾಕಿದರೂ ತಾಳ ತಪ್ಪದೆ ಕೂರುತ್ತವೆ. ಒಮ್ಮೆ ಪ್ಲಗಿನ್ ಹಾಕಿಕೊಂಡು ತೆಗೆಯಿರಿ, ಇನ್ನೊಮ್ಮೆ ಎಲ್ಲ ಪ್ಲಗಿನ್ ಆಫ್ ಮಾಡಿ ಹಸಿ ದನಿ ತೆಗೆಯಿರಿ. ಮಿಡಿ ಇದ್ದರೆ ಅದನ್ನೂ ಮಿಡಿ ಫೈಲಾಗಿ ತೆಗೆಯಿರಿ. ಜೊತೆಗೊಂದು ಟೆಕ್ಸ್ಟ್ ಫೈಲಿನಲ್ಲಿ ಹಾಡಿನ ಹೆಸರು, ಹಾಡಿದವರು, ಊರು, ತಾರೀಕು, ಶ್ರುತಿ ಬರೆದಿಡಿ.

ಜಾಗ ಎಷ್ಟು ಬೇಕು? 44.1 ಕಿಲೋಹರ್ಟ್ಸ್, 24-ಬಿಟ್ ಮೋನೋ ಟ್ರ್ಯಾಕ್ ನಿಮಿಷಕ್ಕೆ ಸುಮಾರು 8 ಎಂಬಿ. 8 ಟ್ರ್ಯಾಕಿನ 6 ನಿಮಿಷದ ಹಾಡನ್ನು ಒಮ್ಮೆ ತೆಗೆಯೋಕೆ 400 ಎಂಬಿ ಒಳಗೇ ಆಯಿತು. ಮೇಲೆ ಹೇಳಿದಂತೆ ಎರಡು ಸಲ ತೆಗೆದರೂ 1 ಟಿಬಿ ಡಿಸ್ಕಿನಲ್ಲಿ ಇಂಥ ಸಾವಿರಕ್ಕೂ ಜಾಸ್ತಿ ಹಾಡು ಹಿಡಿಯುತ್ತವೆ. ಡಿಸ್ಕ್ ಎರಡು ತಗೊಳ್ಳಿ, ಒಂದನ್ನು ಸ್ಟುಡಿಯೋದಲ್ಲಿ ಇಡಬೇಡಿ.

ಇದಾದ ಮೇಲೆ ಹಳೇ ಕಂಪ್ಯೂಟರ್ ಬಗ್ಗೆ ನಿಶ್ಚಿಂತೆ. ಕ್ಲೋನ್‌ಜಿಲ್ಲಾ ಅಂತ ಪುಕ್ಕಟೆ ಸಾಧನ ಇದೆ, ಇಡೀ ಹಾರ್ಡ್‌ಡಿಸ್ಕಿನ ಪ್ರತಿ ತೆಗೆದಿಡಿ. ಡಿಸ್ಕ್ ಹೋದ ದಿನ ಹೊಸ ಡಿಸ್ಕಿಗೆ ಸುರಿದರೆ ವಿಂಡೋಸ್, ಕ್ಯೂಬೇಸ್, ನಿಮ್ಮ ಸೆಟ್ಟಿಂಗ್ ಸಮೇತ ಎದ್ದು ಕೂರುತ್ತದೆ. ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟ್ 2020ರ ಜನವರಿಯಲ್ಲೇ ಸೆಕ್ಯೂರಿಟಿ ಅಪ್‌ಡೇಟ್ ನಿಲ್ಲಿಸಿದೆ. ಅದಕ್ಕೆ ಇಂಟರ್ನೆಟ್ ತಂತಿ ಕಿತ್ತುಬಿಡಿ. ಗಿರಾಕಿಗಳು ಕರೋಕೆ ಟ್ರ್ಯಾಕ್ ಅಂತ ತರುವ ಪೆನ್‌ಡ್ರೈವನ್ನು ನೇರ ಅದಕ್ಕೆ ಚುಚ್ಚಬೇಡಿ, ಬೇರೆ ಲ್ಯಾಪ್‌ಟಾಪಿನಲ್ಲಿ ಸ್ಕ್ಯಾನ್ ಮಾಡಿ ಆಮೇಲೆ. ಯುಪಿಎಸ್ ಬ್ಯಾಟರಿ ಬದಲಿಸಿ. ಆಟೋಸೇವ್ ಆನ್ ಇದೆಯಾ ನೋಡಿಕೊಳ್ಳಿ.

ಹೊಸದು ಯಾವಾಗ ಬೇಕಾಗುತ್ತದೆ? ವಾದ್ಯಗಳ ದನಿ ತುಂಬಿದ ದೊಡ್ಡ ದೊಡ್ಡ ಸ್ಯಾಂಪಲ್ ಲೈಬ್ರರಿ ತೆರೆಯಬೇಕಾದಾಗ. 32-ಬಿಟ್ ಪ್ರೋಗ್ರಾಮಿಗೆ ವಿಂಡೋಸ್ ಸಾಮಾನ್ಯವಾಗಿ ಕೊಡೋದು 2 ಜಿಬಿ ಮೆಮೊರಿ. ನಾಲ್ಕು ವಯಲಿನ್, ಒಂದು ದೊಡ್ಡ ಡ್ರಮ್ ಕಿಟ್ ಹಾಕಿದರೆ ತುಂಬಿ ಕುಸಿಯುತ್ತದೆ. ಪ್ರಚಾರದ ಹಾಡಿಗೆ ಭಾರಿ ಮ್ಯೂಸಿಕ್ ಬೇಕು ಅನ್ನುವವರು ಬಂದರೆ ಈ ಗೋಡೆ ನಿಮಗೂ ಎದುರಾಗುತ್ತದೆ. ಆಗ, ಮತ್ತೆ ಮೇಲೆ ಹೇಳಿದ ಕ್ರ್ಯಾಕ್ ಕಾಪಿಯವರಿಗೆ ಇವತ್ತೇ, ನಾನು ಹೇಳೋದು ರೀಪರ್ ಅನ್ನುವ ರೆಕಾರ್ಡಿಂಗ್ ಪ್ರೋಗ್ರಾಂ. ವಿನ್‌ಆಂಪ್ ಮಾಡಿದ ಜಸ್ಟಿನ್ ಫ್ರಾಂಕೆಲ್ ಶುರುಮಾಡಿದ್ದು, 2006ರಿಂದ ಇದೆ. 60 ದಿನ ಪೂರ್ತಿ ಬಳಸಿ ನೋಡಬಹುದು. ಚಿಕ್ಕ ಸ್ಟುಡಿಯೋಗೆ ಲೈಸೆನ್ಸ್ 60 ಡಾಲರ್, ನಮ್ಮ ದುಡ್ಡಲ್ಲಿ ಐದು ಸಾವಿರದ ಮೇಲೆ. ಹಳೇ ಕಂಪ್ಯೂಟರಿನಲ್ಲೂ ಹಗುರವಾಗಿ ಓಡುತ್ತದೆ. ನಿಮ್ಮ 32-ಬಿಟ್ ಪ್ಲಗಿನ್‌ಗಳನ್ನು ವಿಂಡೋಸ್‌ನ 64-ಬಿಟ್ ರೀಪರ್ ತಾನೇ ಸೇತುವೆ ಹಾಕಿಕೊಂಡು ತೆರೆಯುತ್ತದೆ. ನೋಡೋಕೆ ಅಷ್ಟೇನೂ ಚೆಂದ ಇಲ್ಲ, ಅದೊಂದು ಕೊರತೆ.

ಅಳಿಯನ ಜೊತೆ ಜಗಳ ಬೇಡ, ಕೆಲಸ ಹಂಚಿಕೊಳ್ಳಿ. ರೆಕಾರ್ಡಿಂಗ್ ನೀವು ಕ್ಯೂಬೇಸ್ 5ರಲ್ಲಿ ಮಾಡಿ, ಹಸಿ ವೇವ್ ಫೈಲ್ ಅವನಿಗೆ ಕೊಡಿ, ಮಿಕ್ಸ್ ಅವನು ತನ್ನ ಲ್ಯಾಪ್‌ಟಾಪಿನಲ್ಲಿ ಮಾಡಲಿ. ನೀವೂ ಒಂದು ಮಿಕ್ಸ್ ಮಾಡಿ. ಎರಡನ್ನೂ ಒಂದೇ ವಾಲ್ಯೂಮಿಗೆ ತಂದು, ಯಾವುದು ಯಾರದ್ದು ಅಂತ ಹೇಳದೆ ಹಾಡಿದವರಿಗೇ ಕೇಳಿಸಿ. ಫೈಲ್ ಕಳಿಸುವ ಮುಂಚೆ ಟ್ರ್ಯಾಕಿಗೆ "ದಮ್ಮಡಿ", "ಏಕತಾರಿ", "ಹಿಮ್ಮೇಳ" ಅಂತ ಹೆಸರು ಹಾಕೋದು ಮಾತ್ರ ಮರೆಯಬೇಡಿ. "ಆಡಿಯೋ 01", "ಆಡಿಯೋ 02" ಅಂತಲೇ ಕಳಿಸಿದರೆ ದಿನಾ ಫೋನ್ ಮಾಡಿ ತಲೆ ತಿನ್ನುತ್ತಾನೆ.